ತೂಕ ನೋಡಿ, ಆದರೆ ಕೂಗಿ ಹೇಳಬೇಡಿ

ಮಾನ್ಯ ಆರೋಗ್ಯ ಸಚಿವರಿಗೂ, ಮಾನ್ಯ ಶಾಲಾ ಶಿಕ್ಷಣ ಸಚಿವರಿಗೂ ನಮಸ್ಕಾರ.

ನಾನು ಮೈಸೂರಿನ ಮಂಡಿ ಮೊಹಲ್ಲಾದಲ್ಲಿ ಲೇಡೀಸ್ ಟೈಲರ್. ಬ್ಲೌಸು, ಚೂಡಿದಾರ, ಸ್ಕೂಲ್ ಯೂನಿಫಾರ್ಮು ಹೊಲಿಯುತ್ತೇನೆ. ಇಬ್ಬರಿಗೂ ಸೇರಿಸಿ ಒಂದೇ ಪತ್ರ ಬರೆಯುತ್ತಿರುವುದಕ್ಕೆ ಕಾರಣ ಇದೆ. ಮಕ್ಕಳ ತೂಕ ನೋಡುವುದು ಶಾಲೆಯಲ್ಲಿ, ದೊಡ್ಡವರದು ಆಸ್ಪತ್ರೆಯಲ್ಲಿ. ಎರಡೂ ಕಡೆ ತೂಕದ ಜೊತೆಗೆ ಒಂದು ಚುಚ್ಚುಮಾತು ಪುಕ್ಕಟೆ ಸಿಗುತ್ತದೆ. ನನ್ನ ತಕರಾರು ಆ ಮಾತಿನ ಬಗ್ಗೆ.

ಡಾಕ್ಟರನ್ನು ಬಿಟ್ಟರೆ ಹೆಂಗಸರ ಮೈ ಅಳತೆ ಸರಿಯಾಗಿ ಗೊತ್ತಿರುವುದು ನಮ್ಮಂಥ ಟೈಲರ್‌ಗಳಿಗೇ. ಟೇಪು ಸೊಂಟಕ್ಕೆ ಬಂದರೆ ಸಾಕು, ಎಲ್ಲರೂ ಉಸಿರು ಒಳಗೆ ಎಳೆದುಕೊಳ್ಳುತ್ತಾರೆ. "ಉಸಿರು ಬಿಡಿ ಅಮ್ಮ" ಅಂದರೆ, "ಪರವಾಗಿಲ್ಲ ಅಕ್ಕ, ಇಷ್ಟಕ್ಕೇ ಹೊಲೀರಿ, ಹೆಂಗೂ ಮುಂದಿನ ತಿಂಗಳಷ್ಟೊತ್ತಿಗೆ ಇಳಿಸ್ತೀನಿ" ಅನ್ನುತ್ತಾರೆ. ಆ ಮುಂದಿನ ತಿಂಗಳು ಬರುವುದೇ ಇಲ್ಲ. ನಾನು ಅವರಿಗೆ ಹೇಳದೆ ಎರಡೂ ಪಕ್ಕಕ್ಕೆ ಒಳಗಡೆ ಒಂದೊಂದು ಇಂಚು ಬಟ್ಟೆ ಜಾಸ್ತಿ ಬಿಟ್ಟಿರುತ್ತೇನೆ, ಯಾಕೆಂದರೆ ಒಂದು ಮದುವೆ ಊಟ ಆದ ಮೇಲೆ ಹೊಲಿಗೆ ಬಿಚ್ಚಿಕೊಡಿ ಅಂತ ಬಂದೇ ಬರುತ್ತಾರೆ. ಮದುವೆ ಗೊತ್ತಾದ ಹುಡುಗಿಯರದು ಇನ್ನೂ ಕಷ್ಟ. ರಾತ್ರಿ ಊಟ ಬಿಟ್ಟು, ಮಧ್ಯಾಹ್ನ ಸೌತೆಕಾಯಿ ತಿಂದುಕೊಂಡು, ಟ್ರಯಲ್‌ಗೆ ಬಂದಾಗ ಕಣ್ಣು ಕತ್ತಲೆ ಬಂದು ನನ್ನ ಸ್ಟೂಲಿನ ಮೇಲೆ ಕುಸಿದು ಕೂತವರಿದ್ದಾರೆ. ಬಾಣಂತಿಯರು ನಾಮಕರಣಕ್ಕೆ ಬ್ಲೌಸ್ ಹೊಲಿಸಲು ಬರುವಾಗ ಮದುವೆ ಕಾಲದ ಅಳತೆ ಬ್ಲೌಸ್ ತರುತ್ತಾರೆ. ಮೊನ್ನೆ ಮೊನ್ನೆ ಮಗು ಹೆತ್ತ ಮೈ, ಹಾಲು ಕುಡಿಸುವ ಮೈ, ಅದಕ್ಕೆ ಯಾಕೆ ಹಳೇ ಅಳತೆ? ಜೊತೆಗೆ ಬಂದ ಅತ್ತೆಯೋ ನಾದಿನಿಯೋ "ಎಷ್ಟು ದಪ್ಪ ಆಗಿದಾಳೆ ನೋಡಿ" ಅಂತ ನನ್ನ ಸಾಕ್ಷಿ ಬೇರೆ ಕೇಳುತ್ತಾರೆ. ಆಗ ನನ್ನ ಬಾಯಲ್ಲಿ ಪಿನ್ನು ಕಚ್ಚಿಕೊಂಡಿರುತ್ತೇನೆ, ಒಳ್ಳೇದೇ ಆಯಿತು.

ನನಗೆ ಕಸುಬು ಕಲಿಸಿದವರು ಹೇಳಿಕೊಟ್ಟ ಮೊದಲ ಪಾಠ ಏನು ಗೊತ್ತಾ? ಅಳತೆ ಬಾಯಲ್ಲಿ ಹೇಳಬಾರದು, ಪುಸ್ತಕದಲ್ಲಿ ಬರೆಯಬೇಕು. ಅಂಗಡಿಯಲ್ಲಿ ಬೇರೆ ಗಿರಾಕಿ ಇದ್ದರಂತೂ ಪರದೆ ಎಳೆದು ಅಳೆಯಬೇಕು. ನನ್ನದು ಹತ್ತಡಿ ಅಗಲದ ಅಂಗಡಿ. ಇಲ್ಲಿ ನನಗೆ ಸಾಧ್ಯ ಆಗುವುದು ಶಾಲೆಯಲ್ಲಿ ಯಾಕೆ ಆಗುವುದಿಲ್ಲ?

ನನ್ನ ಅಕ್ಕನ ಮಗಳು ಎಂಟನೇ ಕ್ಲಾಸು. ಅವಳ ಶಾಲೆಯಲ್ಲಿ ತೂಕದ ಮಷಿನ್ ಇಟ್ಟಿದ್ದು ಬೋರ್ಡಿನ ಮುಂದೆ, ಇಡೀ ಕ್ಲಾಸಿನ ಎದುರಿಗೆ. ಒಬ್ಬ ಟೀಚರ್ ಮಷಿನ್ ಪಕ್ಕ ನಿಂತು ತೂಕ ಕೂಗಿದರು, ಇನ್ನೊಬ್ಬರು ಕಿಟಕಿ ಹತ್ತಿರ ಕೂತು ಬರೆದುಕೊಂಡರು. ಬರೆಯುವವರಿಗೆ ಕೇಳಿಸಲಿಲ್ಲ ಅಂತ ಇವಳದು ಎರಡು ಸಲ ಕೂಗಿದರು. ಹಿಂದಿನ ಬೆಂಚಿಂದ ಯಾರೋ "ಮಿಸ್, ಮಷಿನ್ ಕೆಟ್ಟೋಯ್ತಾ ನೋಡಿ" ಅಂದ. ಕ್ಲಾಸೆಲ್ಲ ನಕ್ಕಿತು, ಟೀಚರೂ ನಕ್ಕರು. ನಡೆದದ್ದು ಇಷ್ಟೇ. ಯಾರೂ ಹೊಡೆಯಲಿಲ್ಲ, ಬೈಯಲಿಲ್ಲ. ಆದರೆ ಹುಡುಗಿ ಮಾರನೇ ವಾರವೇ ಥ್ರೋಬಾಲ್ ಟೀಮ್ ಬಿಟ್ಟಳು. ಅಂಗಡಿಗೆ ಬಂದು "ಚಿಕ್ಕಮ್ಮ, ಯೂನಿಫಾರ್ಮ್ ಲೂಸಾಗಿ ಹೊಲಿದುಕೊಡು, ಏನೂ ಕಾಣಬಾರದು" ಅಂದಳು. ತೂಕ ಹತೋಟಿಯಲ್ಲಿರಲಿ ಅಂತ ತಾನೆ ತೂಕ ನೋಡಿದ್ದು? ದಿನಾ ಸಂಜೆ ಓಡಾಡಿಕೊಂಡು ಆಡುತ್ತಿದ್ದ ಮಗುವನ್ನು ಒಂದು ನಗು ಬೆಂಚಿನ ಮೇಲೆ ಕೂರಿಸಿತು. ಅದೇ ದಿನ ಸಣ್ಣಗಿರುವ ಒಬ್ಬ ಹುಡುಗನಿಗೆ 'ಕಡ್ಡಿ ಪೈಲ್ವಾನ್' ಅಂತ ಹೆಸರು ಬಿತ್ತಂತೆ. ಅವನಿಗೆ ಮನೆಯಲ್ಲಿ ಊಟ ಸರಿಯಾಗಿ ಸಿಗುತ್ತಾ ಅಂತ ಯಾರೂ ಕೇಳಿದ ಹಾಗೆ ಕಾಣಲಿಲ್ಲ. ಕೇಳಬೇಕಾಗಿದ್ದದ್ದು ಅದೊಂದೇ ಪ್ರಶ್ನೆ.

ಇದನ್ನು ತಡೆಯೋಕೆ ಹೊಸ ಕಾನೂನು ಏನೂ ಬೇಕಾಗಿಲ್ಲ. 2009ರ ಶಿಕ್ಷಣ ಹಕ್ಕು ಕಾಯ್ದೆಯ 17ನೇ ಸೆಕ್ಷನ್ ಮಗುವಿಗೆ ಹೊಡೆಯುವುದನ್ನಷ್ಟೇ ಅಲ್ಲ, ಮಾನಸಿಕ ಹಿಂಸೆಯನ್ನೂ ನಿಷೇಧಿಸಿದೆ. ಹೊಡೆಯಬಾರದು ಅನ್ನುವ ಅರ್ಧ ಎಲ್ಲ ಮೇಷ್ಟ್ರಿಗೂ ಗೊತ್ತು. 'ಡುಮ್ಮಿ' ಅನ್ನಬಾರದು ಅನ್ನುವ ಅರ್ಧ ಯಾರೂ ಓದಿದ ಹಾಗಿಲ್ಲ. ಕಾಲೇಜಿಗೆ ಹೋದರೆ ನಿಯಮ ಇನ್ನೂ ಸ್ಪಷ್ಟವಾಗಿದೆ: ಕಾಲೇಜು, ವಿಶ್ವವಿದ್ಯಾಲಯಗಳಿಗೆ ನಿಯಮ ಮಾಡುವ ಯುಜಿಸಿಯವರು 2016ರಲ್ಲಿ ರ‍್ಯಾಗಿಂಗ್ ನಿಯಮ ತಿದ್ದಿದಾಗ ಜಾತಿ, ಬಣ್ಣ, ಭಾಷೆ ಇವುಗಳ ಜೊತೆಗೆ ನೋಡಲು ಹೇಗಿದ್ದಾರೆ ಅನ್ನುವುದನ್ನು ಹಿಡಿದು ಹಿಂಸೆ ಕೊಡುವುದನ್ನೂ ರ‍್ಯಾಗಿಂಗ್ ಪಟ್ಟಿಗೆ ಸೇರಿಸಿದರು. ಹದಿನೆಂಟರ ಹುಡುಗಿಗೆ ಇರುವ ರಕ್ಷಣೆ ಹದಿಮೂರರ ಹುಡುಗಿಗೂ ಅಷ್ಟೇ ಬಿಡಿಸಿ ಹೇಳಿದರೆ ಆಗದಾ? ಶಿಕ್ಷಣ ಸಚಿವರೇ, ಒಂದು ಸುತ್ತೋಲೆ ಸಾಕು. ತೂಕ, ಎತ್ತರ ಒಬ್ಬೊಬ್ಬರನ್ನೇ ಕರೆದು ನೋಡಬೇಕು, ಚೀಟಿಯಲ್ಲಿ ಬರೆದು ಅಪ್ಪ-ಅಮ್ಮನಿಗೆ ಕಳಿಸಬೇಕು, ಕ್ಲಾಸಿನಲ್ಲಿ ಓದಬಾರದು. ವರ್ಷಕ್ಕೊಮ್ಮೆ ಶಾಲೆಗೆ ಬರುವ ಆರೋಗ್ಯ ತಂಡಕ್ಕೂ ಇದೇ ಮಾತು.

ಯೂನಿಫಾರ್ಮಿನ ವಿಷಯವನ್ನೂ ಇಲ್ಲೇ ಹೇಳಿಬಿಡುತ್ತೇನೆ. ಪುಕ್ಕಟೆ ಕೊಡುವ ಬಟ್ಟೆ ತರಗತಿ ಲೆಕ್ಕದಲ್ಲಿ ಬರುತ್ತದೆ, ಮಗುವಿನ ಮೈ ಲೆಕ್ಕದಲ್ಲಲ್ಲ. ಸ್ವಲ್ಪ ದಪ್ಪಗಿರುವ ಮಗುವಿಗೆ ಕಡಿಮೆ ಬೀಳುತ್ತದೆ. ಅಂಥ ತಾಯಂದಿರು ಬಂದಾಗ ಹೊಂದುವ ಬಣ್ಣದ ಕಟ್ ಪೀಸ್ ಹುಡುಕಿ ಕಂಕುಳಲ್ಲಿ ಕಾಣದ ಹಾಗೆ ತುಂಡು ಕೊಟ್ಟು ಹೊಲಿಯುತ್ತೇನೆ. ಆದರೂ ಕೈ ಎತ್ತಿದರೆ ಕಾಣುತ್ತದೆ. ಆ ಮಗು ಕ್ಲಾಸಿನಲ್ಲಿ ಉತ್ತರ ಗೊತ್ತಿದ್ದರೂ ಕೈ ಎತ್ತುವುದಿಲ್ಲ ಅಂದರೆ ಆಶ್ಚರ್ಯ ಇಲ್ಲ. ಶಾಲೆಗೆ ಒಂದಷ್ಟು ಮೀಟರ್ ಹೆಚ್ಚುವರಿ ಬಟ್ಟೆ ಕಳಿಸಿ, ಹೆಡ್‌ಮಾಸ್ಟರ್ ಹತ್ತಿರ ಇರಲಿ. ದೊಡ್ಡ ಖರ್ಚೇನಲ್ಲ.

ಇನ್ನು ಆರೋಗ್ಯ ಸಚಿವರಿಗೆ. ನನ್ನ ಗಿರಾಕಿಗಳಲ್ಲಿ ಮಂಡಿನೋವು ಅಂತ ಹೋಗಿ, ಗಂಟಲು ಊತ ಅಂತ ಹೋಗಿ, ತಿಂಗಳ ಮುಟ್ಟು ಸರಿ ಇಲ್ಲ ಅಂತ ಹೋಗಿ, ಎಲ್ಲದಕ್ಕೂ "ಮೊದಲು ತೂಕ ಇಳಿಸಿಕೊಂಡು ಬನ್ನಿ" ಅನ್ನುವ ಒಂದೇ ಉತ್ತರ ತಂದವರು ಬೇಕಾದಷ್ಟು ಜನ. ಹೇಗೆ ಇಳಿಸುವುದು ಅಂತ ಹೇಳಲು ಟೈಮ್ ಇರುವುದಿಲ್ಲ. ಹೊರಗೆ ಐವತ್ತು ಜನ ಕಾಯುತ್ತಿರುತ್ತಾರೆ, ಅದು ನನಗೂ ಗೊತ್ತು. ಆದರೆ ಆಮೇಲೆ ಏನಾಗುತ್ತದೆ? ಇಳಿಸೋಕೆ ಆಗಿರುವುದಿಲ್ಲ, ಇಳಿಸದೆ ಹೋದರೆ ಬೈತಾರೆ, ಅದಕ್ಕೇ ಹೋಗುವುದೇ ಇಲ್ಲ. ಥೈರಾಯ್ಡ್ ಪರೀಕ್ಷೆ ಮಾಡಿಸಬೇಕಾದವರು ವರ್ಷಗಟ್ಟಲೆ ಸುಮ್ನೆ ಮನೆಯಲ್ಲಿ ಕೂತಿರುತ್ತಾರೆ. ಸಣ್ಣಗಿರುವವರದು ಇದರ ಉಲ್ಟಾ. "ನಿಮಗೇನ್ರೀ, ಚೆನ್ನಾಗಿದ್ದೀರ" ಅಂತ ಕಳಿಸಿಬಿಡುತ್ತಾರೆ. ಅಳತೆ ಪುಸ್ತಕದಲ್ಲಿ ತೀರಾ ಕಡಿಮೆ ಸೊಂಟ ಇರುವ ಒಬ್ಬರು, ಪಾಪ, ಕಾಲು ಉರಿ ಉರಿ ಅನ್ನುತ್ತಿದ್ದರು. ಕೊನೆಗೆ ನೋಡಿದರೆ ಶುಗರ್ ಮುನ್ನೂರರ ಹತ್ತಿರ.

ಇದು ಅವರೊಬ್ಬರ ಕಥೆಯಲ್ಲ. 2004ರಲ್ಲಿ ಲ್ಯಾನ್ಸೆಟ್ ಅನ್ನುವ ವೈದ್ಯಕೀಯ ಪತ್ರಿಕೆಯಲ್ಲಿ ಇಬ್ಬರು ಡಾಕ್ಟರುಗಳು ತಮ್ಮದೇ ಫೋಟೋ ಹಾಕಿಕೊಂಡರು. ಒಬ್ಬರು ಪುಣೆಯ ಯಾಜ್ಞಿಕ್, ಇನ್ನೊಬ್ಬರು ಇಂಗ್ಲೆಂಡಿನ ಯುಡ್ಕಿನ್. ಇಬ್ಬರ ಬಿಎಂಐ 22.3, ಅಂದರೆ ಎತ್ತರಕ್ಕೂ ತೂಕಕ್ಕೂ ಹಾಕುವ ಲೆಕ್ಕದಲ್ಲಿ ಇಬ್ಬರೂ ಒಂದೇ. ಮೈಯಲ್ಲಿರುವ ಕೊಬ್ಬು ನೋಡಿದರೆ ನಮ್ಮ ಯಾಜ್ಞಿಕ್ ಅವರದು ನೂರಕ್ಕೆ 21.2, ಯುಡ್ಕಿನ್ ಅವರದು 9.1. ಬಿಎಂಐ ಲೆಕ್ಕ ಹುಟ್ಟಿದ್ದು 1830ರ ದಶಕದಲ್ಲಿ, ಬೆಲ್ಜಿಯಂನ ಕ್ವೆಟಲೆಟ್ ಅನ್ನುವ ಸಂಖ್ಯಾಶಾಸ್ತ್ರಜ್ಞನ ಕೈಯಲ್ಲಿ. ಆತ ಡಾಕ್ಟರ್ ಅಲ್ಲ, ಯುರೋಪಿನ ಜನಸಮೂಹದ ಸರಾಸರಿ ಹುಡುಕುತ್ತಿದ್ದವನು. ಅದು ಭಾರತದವರಿಗೆ ಹಾಗೇ ಹೊಂದುವುದಿಲ್ಲ ಅಂತಲೇ ನಮ್ಮಲ್ಲಿ 23 ದಾಟಿದರೆ ತೂಕ ಜಾಸ್ತಿ, 25 ದಾಟಿದರೆ ಬೊಜ್ಜು ಅಂತ ಇಟ್ಟುಕೊಂಡಿದ್ದಾರೆ. ಒಬ್ಬರ ಅಳತೆ ಬ್ಲೌಸ್ ಇಟ್ಟುಕೊಂಡು ಊರಿಗೆಲ್ಲ ಹೊಲಿದ ಹಾಗೆ, ಅದೊಂದೇ ನಂಬರ್ ನೋಡಿ ಯಾರನ್ನೂ ಆರೋಗ್ಯವಂತರು, ರೋಗಿಷ್ಠರು ಅಂತ ಹೇಳೋಕಾಗುವುದಿಲ್ಲ.

ಸೊಂಟದ ಸುತ್ತಳತೆ ಅದಕ್ಕಿಂತ ಒಳ್ಳೇ ಸುಳಿವು ಕೊಡುತ್ತದೆ. ಹೆಂಗಸರಿಗೆ 80 ಸೆಂಟಿಮೀಟರ್, ಅಂದರೆ ನಮ್ಮ ಟೇಪಿನಲ್ಲಿ ಮೂವತ್ತೊಂದೂವರೆ ಇಂಚು. ಗಂಡಸರಿಗೆ 90. ಅದರ ಮೇಲೆ ಹೋದರೆ ಶುಗರ್, ಬಿಪಿ ನೋಡಿಸಬೇಕು. ಆದರೆ ಈ ಅಳತೆ ತೆಗೆಯಬೇಕಾದದ್ದು ಉಸಿರು ಬಿಟ್ಟ ಮೇಲೆ. ನಾಚಿಕೆಯಿಂದ ಹೊಟ್ಟೆ ಒಳಗೆ ಎಳೆದುಕೊಂಡವರ ಅಳತೆ ತಪ್ಪೇ ಬರುತ್ತದೆ, ನನ್ನ ಅಂಗಡಿಯಲ್ಲೂ ಅಷ್ಟೇ, ನಿಮ್ಮ ಆರೋಗ್ಯ ಕೇಂದ್ರದಲ್ಲೂ ಅಷ್ಟೇ. ಜನ ಧೈರ್ಯವಾಗಿ ಉಸಿರು ಬಿಡುವ ಹಾಗೆ ನೀವು ಮಾತಾಡಿಸದಿದ್ದರೆ ನಿಮಗೆ ಸರಿಯಾದ ಲೆಕ್ಕವೇ ಸಿಗುವುದಿಲ್ಲ. ನಾನು ಹೇಳಬೇಕು ಅಂತಿರುವುದರ ತಿರುಳೇ ಇದು.

ಮೈಸೂರಿನವಳಾಗಿ ಇನ್ನೊಂದು ವಿಷಯ ಹೇಳದೆ ಇರೋಕಾಗಲ್ಲ. ನಮ್ಮ ಮೊಹಲ್ಲಾದ ಹೋಲ್ಡ್ಸ್‌ವರ್ತ್ ಆಸ್ಪತ್ರೆ, ನಾವೆಲ್ಲ ಮಿಷನ್ ಆಸ್ಪತ್ರೆ ಅನ್ನುವುದು, ಅಲ್ಲಿ 1934ರಿಂದಲೇ ಹುಟ್ಟಿದ ಮಕ್ಕಳ ತೂಕ, ಉದ್ದ, ತಲೆ ಸುತ್ತಳತೆ ಬರೆದಿಟ್ಟಿದ್ದಾರೆ. ಆ ಹಳೇ ಲೆಡ್ಜರ್ ಹಿಡಿದು, ಅವತ್ತು ಹುಟ್ಟಿದವರನ್ನು ನಡುವಯಸ್ಸು ದಾಟಿದ ಮೇಲೆ ಹುಡುಕಿ ಪರೀಕ್ಷೆ ಮಾಡಿದರು. 1996ರಲ್ಲಿ ಅದರ ಫಲಿತಾಂಶ ಅಚ್ಚಾಯಿತು: ಕಡಿಮೆ ತೂಕದಲ್ಲಿ ಹುಟ್ಟಿದವರಲ್ಲಿ, ಅದರಲ್ಲೂ ತಾಯಿಯೂ ಸೊರಗಿದ್ದರೆ, ಮುಂದೆ ಹೃದಯದ ಕಾಯಿಲೆ ಜಾಸ್ತಿ. 1997-98ರಲ್ಲಿ ಬಸುರಿಯಾಗಿದ್ದವರನ್ನು ಸೇರಿಸಿಕೊಂಡು ಅವರ ಮಕ್ಕಳನ್ನು ಹುಟ್ಟಿದಾಗಿನಿಂದಲೂ ನೋಡುತ್ತಾ ಬಂದ ಇನ್ನೊಂದು ಅಧ್ಯಯನವೂ ಅಲ್ಲಿನದೇ. ನೋಡಿ, ಒಬ್ಬ ಮನುಷ್ಯನ ಕಾಯಿಲೆಯ ಬೇರು ಅವನು ತಾಯಿಯ ಹೊಟ್ಟೆಯಲ್ಲಿದ್ದಾಗ ತಾಯಿಗೆ ಊಟ ಸಿಕ್ಕಿತ್ತಾ ಅನ್ನುವುದರಲ್ಲಿ ಇರಬಹುದು. ಅವನನ್ನು ಐವತ್ತನೇ ವಯಸ್ಸಿನಲ್ಲಿ ನಿಲ್ಲಿಸಿಕೊಂಡು "ತಿನ್ನೋದು ಕಡಿಮೆ ಮಾಡಿ, ಸೋಮಾರಿತನ ಬಿಡಿ" ಅಂದರೆ ಅದು ಅರ್ಧ ಸತ್ಯ. ಮಾಡಬೇಕಾದದ್ದನ್ನು ಅವನು ಈಗಲೂ ಮಾಡಬೇಕು, ಸರಿ. ಆದರೆ ಅವಮಾನ ಯಾಕೆ?

ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಐದನೇ ಸುತ್ತಿನಲ್ಲಿ ನಮ್ಮ ರಾಜ್ಯದ ಹೆಂಗಸರಲ್ಲಿ ನೂರಕ್ಕೆ ಸುಮಾರು 30 ಜನರ ತೂಕ ಜಾಸ್ತಿ, ಸುಮಾರು 17 ಜನರ ತೂಕ ತೀರಾ ಕಡಿಮೆ. ಹೆಚ್ಚುಕಡಿಮೆ ಅರ್ಧದಷ್ಟು ಜನಕ್ಕೆ ರಕ್ತಹೀನತೆ. ದಪ್ಪಗಿದ್ದೂ ರಕ್ತ ಇಲ್ಲದವರು ಎಷ್ಟು ಜನ ಇದ್ದಾರೋ, ಮುಖ ಬಿಳಚಿಕೊಂಡಿರುವುದನ್ನು ನಾನೇ ದಿನಾ ನೋಡುತ್ತೇನೆ. ಕಣ್ಣಿಗೆ ಕಾಣುವ ಮೈ ನಂಬಿಕೊಂಡರೆ ಏನಾಗುತ್ತದೆ ಅಂತ ಕನ್ನಡಿಗರಾದ ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. 2021ರ ಅಕ್ಟೋಬರ್ 29ರಂದು ಅಪ್ಪು ಹೋದಾಗ ಅವರಿಗೆ 46. ಅಷ್ಟು ಚೆನ್ನಾಗಿ ಮೈ ಇಟ್ಟುಕೊಂಡವರು ರಾಜ್ಯದಲ್ಲಿ ಎಷ್ಟು ಜನ ಇದ್ದರು? ಅವರ ಹೆಸರಿನ ಹೃದಯ ಜ್ಯೋತಿ ಯೋಜನೆ ಒಳ್ಳೇ ಕೆಲಸ. 2024ರಲ್ಲಿ ಕೋಲಾರದಲ್ಲಿ ಶುರು ಮಾಡಿದ ಗೃಹ ಆರೋಗ್ಯವೂ ಒಳ್ಳೇ ಕೆಲಸ, ಮನೆ ಬಾಗಿಲಿಗೇ ಬಂದು ಬಿಪಿ ಶುಗರ್ ನೋಡುವುದು ಅಂದರೆ ಹೆಂಗಸರಿಗೆ ಎಷ್ಟೋ ಅನುಕೂಲ. ಬರುವವರಿಗೆ ಒಂದು ಮಾತು ಹೇಳಿಕೊಡಿ ಅಷ್ಟೇ: ಜಗಲಿಯಲ್ಲಿ, ಪಕ್ಕದ ಮನೆಯವರ ಮುಂದೆ, ನಂಬರ್ ಹೇಳಬೇಡಿ.

ನಾಚಿಕೆ ಇದ್ದ ಕಡೆ ಅಂಗಡಿ ತೆರೆಯುವವರು ಇದ್ದೇ ಇರುತ್ತಾರೆ. ಬಸ್ಸಿನ ಹಿಂದೆ, ಮೊಬೈಲಿನಲ್ಲಿ, ಗೋಡೆ ಮೇಲೆ, ಎಲ್ಲಿ ನೋಡಿದರೂ ಒಂದು ತಿಂಗಳಲ್ಲಿ ಬೊಜ್ಜು ಮಾಯ ಅನ್ನುವ ಜಾಹೀರಾತು. 1954ರ ಔಷಧ ಮತ್ತು ಮಾಂತ್ರಿಕ ಪರಿಹಾರಗಳ ಕಾಯ್ದೆಯ ಪಟ್ಟಿಯಲ್ಲಿ ಬೊಜ್ಜು ಇದೆ, ಎತ್ತರ ಇದೆ, ಹೆಂಗಸರ ಎದೆಯ ಆಕಾರವೂ ಇದೆ. ಇವಕ್ಕೆಲ್ಲ ಔಷಧಿ ಕೊಡುತ್ತೇವೆ ಅಂತ ಜಾಹೀರಾತು ಹಾಕುವುದೇ ಅಪರಾಧ, ಎಪ್ಪತ್ತು ವರ್ಷದಿಂದ! ಔಷಧಿ ಅಂದರೆ ಸಿಕ್ಕಿಬೀಳುತ್ತೇವೆ ಅಂತ ಈಗ ಪುಡಿ, ಶೇಕು, ಟೀ ಅಂತ ಆಹಾರದ ಹೆಸರಲ್ಲಿ ಮಾರುತ್ತಾರೆ. ಅದಕ್ಕೂ 2006ರ ಆಹಾರ ಸುರಕ್ಷತೆ ಕಾಯ್ದೆಯಲ್ಲಿ ಹತ್ತು ಲಕ್ಷದವರೆಗೆ ದಂಡ ಇದೆ, ಸುಳ್ಳು ಜಾಹೀರಾತು ಕೊಟ್ಟರೆ. ನನ್ನ ಗಿರಾಕಿಗಳಲ್ಲೇ ಕೆಲವರು ಈ ಡಬ್ಬಗಳನ್ನು ಮಾರುತ್ತಾರೆ, ಅವರ ಮೇಲೆ ನನಗೆ ಕೋಪ ಇಲ್ಲ, ಹೊಟ್ಟೆಪಾಡು. ಮೇಲಿರುವವರನ್ನು ಹಿಡಿಯಿರಿ. 2022ರ ಮೇ ತಿಂಗಳಲ್ಲಿ ಕಿರುತೆರೆ ನಟಿ ಚೇತನಾ ರಾಜ್ ಬೆಂಗಳೂರಿನಲ್ಲಿ ಕೊಬ್ಬು ತೆಗೆಸಿಕೊಳ್ಳುವ ಶಸ್ತ್ರಚಿಕಿತ್ಸೆಗೆ ಹೋಗಿ ತೀರಿಕೊಂಡರು. 21 ವರ್ಷ. ಫೋಟೋ ನೋಡಿದ ನನ್ನ ಅಂಗಡಿಯ ಹೆಂಗಸರೆಲ್ಲ ಕೇಳಿದ್ದು ಒಂದೇ, ಕೊಬ್ಬು ಎಲ್ಲಿತ್ತು? 2025ರಿಂದ ತೂಕ ಇಳಿಸುವ ಇಂಜೆಕ್ಷನ್‌ಗಳೂ ಬಂದಿವೆ. ಡಾಕ್ಟರ್ ನೋಡಿ ಕೊಡಬೇಕಾದವರಿಗೆ ಕೊಟ್ಟರೆ ಅದು ಔಷಧಿ, ಒಪ್ಪುತ್ತೇನೆ. ಮದುವೆ ಲಗ್ನಪತ್ರಿಕೆ ನೋಡಿಕೊಂಡು ಚುಚ್ಚಿಸಿಕೊಳ್ಳುವವರ ಬಗ್ಗೆ ನನಗೆ ಭಯ.

ಓಡಾಟದ ಮಾತಿಗೆ ಬರೋಣ. 2024ರಲ್ಲಿ ಬಂದ ಒಂದು ದೊಡ್ಡ ಲೆಕ್ಕದ ಪ್ರಕಾರ ನಮ್ಮ ದೇಶದ ಹೆಂಗಸರಲ್ಲಿ ನೂರಕ್ಕೆ 57 ಜನ ಬೇಕಾದಷ್ಟು ಮೈ ಆಡಿಸುವುದಿಲ್ಲ, ಗಂಡಸರಲ್ಲಿ 42. ಮನೆಕೆಲಸ, ಟೈಮ್ ಇಲ್ಲ, ಇದೆಲ್ಲ ಇದ್ದದ್ದೇ. ಇದರ ಜೊತೆಗೆ ನಾಚಿಕೆಯೂ ಇದೆ, ಅದನ್ನು ಯಾವ ಲೆಕ್ಕದವರೂ ಬರೆದುಕೊಳ್ಳುವುದಿಲ್ಲ. ನಮಗೆ ಕುಕ್ಕರಹಳ್ಳಿ ಕೆರೆ ಇದೆ, ಪುಣ್ಯವಂತರು. ಬೆಳಿಗ್ಗೆ ಸೀರೆ ಮೇಲೆ ಸ್ವೆಟರ್ ಹಾಕಿಕೊಂಡು, ಕೆಳಗೆ ಶೂ ಹಾಕಿಕೊಂಡು ನಡೆಯುವ ಹೆಂಗಸರನ್ನು ನೋಡಿದರೆ ನನಗೆ ಖುಷಿ. ಆದರೆ ನನ್ನ ಗಿರಾಕಿಗಳಲ್ಲಿ ದಪ್ಪಗಿರುವವರು ಬರುವುದು ಇನ್ನೂ ಕತ್ತಲಿದ್ದಾಗ, ಜನ ಬರುವ ಮುಂಚೆ ಹೋಗಿಬಿಡುತ್ತಾರೆ. "ಓಡಿದರೆ ಮೊಬೈಲಲ್ಲಿ ವಿಡಿಯೋ ಮಾಡ್ತಾರೆ ಅಕ್ಕ" ಅಂತ ಒಬ್ಬಳು ಹೇಳಿದಳು. 2022ರ ಯೋಗ ದಿನಕ್ಕೆ ಪ್ರಧಾನಿಯವರು ನಮ್ಮ ಅರಮನೆ ಮುಂದೆ ಬಂದು ಕೂತು ಯೋಗ ಮಾಡಿದರು, ಜಗತ್ತಿನ ಎಲ್ಲ ಕಡೆಯಿಂದ ಜನ ನಮ್ಮೂರಿನ ಗೋಕುಲಂ ಬಡಾವಣೆಗೆ ಬಂದು ಯೋಗ ಕಲಿಯುತ್ತಾರೆ, ಆದರೂ ಇದೇ ಊರಿನ ಯೋಗದ ಪೋಸ್ಟರುಗಳಲ್ಲಿ ಹೊಟ್ಟೆ ಇರುವ ಒಬ್ಬ ಹೆಂಗಸನ್ನು ನಾನು ಈವರೆಗೂ ಕಂಡಿಲ್ಲ. ಹೊಟ್ಟೆ ಇರುವವರಿಗೆ ಅಲ್ವಾ ಮೊದಲು ಕರೆಯಬೇಕಾದ್ದು? ಮುಂದಿನ ಜೂನ್ 21ಕ್ಕೆ ಇಲಾಖೆ ಪೋಸ್ಟರ್ ಮಾಡಿಸುವಾಗ ಒಬ್ಬ ಅಜ್ಜಿ, ಒಬ್ಬ ಬಾಣಂತಿ, ಒಬ್ಬ ಡೊಳ್ಳು ಹೊಟ್ಟೆಯ ಯಜಮಾನರು ಇರಲಿ. ಅಂದಹಾಗೆ ಶಾಲೆಯ ಪಿಟಿ ಪಿರಿಯಡ್ ಲೆಕ್ಕದ ಮೇಷ್ಟ್ರಿಗೆ ಕೊಡುವುದನ್ನೂ ನಿಲ್ಲಿಸಿ. ಮಕ್ಕಳು ದಿನಾ ಒಂದು ಗಂಟೆ ಆಡಬೇಕು ಅಂತ ವಿಶ್ವ ಆರೋಗ್ಯ ಸಂಸ್ಥೆಯವರೇ ಹೇಳುತ್ತಾರೆ.

ಅಕ್ಕನ ಮಗಳು 'ಬಾಡಿ ಪಾಸಿಟಿವಿಟಿ' ಅಂತ, ಮೈ ಹೇಗಿದ್ದರೂ ನಾಚಿಕೆ ಬೇಡ ಅನ್ನುವ ರೀಲ್ಸ್ ನೋಡುತ್ತಾಳೆ. ಅವಳ ಅಪ್ಪ ಅದನ್ನು ಕೇಳಿಸಿಕೊಂಡು, "ಅಂದ್ರೆ ಎಷ್ಟು ಬೇಕಾದ್ರೂ ತಿನ್ನಬಹುದು ಅಂತಲಾ?" ಅಂದರು. ನೀವೂ ಹಾಗೆ ಅಂದುಕೊಂಡೀರಿ ಅಂತ ಹೇಳುತ್ತಿದ್ದೇನೆ. ಅಲ್ಲ. ಎಂಟಿಂಚು ಹೊಟ್ಟೆ ಬೆಳೆದರೂ ಪರವಾಗಿಲ್ಲ, ಶುಗರ್ ಬಂದರೂ ಪರವಾಗಿಲ್ಲ ಅನ್ನುವವಳಲ್ಲ ನಾನು. ಮಷಿನ್ ಮುಂದೆ ಬಗ್ಗಿ ಕೂತು ಕೂತು ನನಗೇ ಸೊಂಟನೋವು, ಬಿಪಿ ಮಾತ್ರೆ ಬೇರೆ. ಸಂಜೆ ಅಂಗಡಿ ಬಾಗಿಲು ಹಾಕಿ ನಡೆಯುತ್ತೇನೆ, ರಾತ್ರಿ ಮುದ್ದೆ, ಸೊಪ್ಪಿನ ಸಾರು. ಇದು ಸಣ್ಣಗಾಗೋಕೆ ಅಲ್ಲ, ಬಿಪಿ ಹತೋಟಿಯಲ್ಲಿರಲಿ, ರಾತ್ರಿ ನಿದ್ದೆ ಬರಲಿ, ಇನ್ನೂ ಹತ್ತು ವರ್ಷ ಪೆಡಲ್ ತುಳಿಯಬೇಕು ಅಂತ. ನನ್ನ ಸೊಂಟ ಏನೂ ದೊಡ್ಡದಾಗಿ ಇಳಿದಿಲ್ಲ. ಬಿಪಿ ಇಳಿದಿದೆ. ಮೈಯನ್ನು ಬೈದುಕೊಂಡಿದ್ದರೆ ಇಷ್ಟು ದಿನ ಈ ನಡಿಗೆ, ಈ ಊಟ ನಡೆಸಿಕೊಂಡು ಬರುತ್ತಿದ್ದೆ ಅಂತ ನನಗಂತೂ ಅನ್ನಿಸುವುದಿಲ್ಲ. ಬೈಸಿಕೊಂಡ ಮೈಗೆ ಒಳ್ಳೇ ಊಟ ಹಾಕಬೇಕು, ನಡೆಸಬೇಕು, ಡಾಕ್ಟರ ಹತ್ತಿರ ಕರೆದುಕೊಂಡು ಹೋಗಬೇಕು ಅಂತ ಯಾರಿಗೆ ತಾನೆ ಮನಸ್ಸು ಬರುತ್ತದೆ?

ಅತ್ತೆ, ನಾದಿನಿಯರ ಬಾಯಿಗೆ ಸುತ್ತೋಲೆ ಹೊರಡಿಸೋಕೆ ನಿಮ್ಮಿಂದ ಆಗುವುದಿಲ್ಲ, ಅದು ನಮ್ಮ ನಮ್ಮ ಮನೆ ಜಗಳ, ನಾವೇ ನೋಡಿಕೊಳ್ಳುತ್ತೇವೆ. ಶಾಲೆ, ಆಸ್ಪತ್ರೆ, ಜಾಹೀರಾತು ಇವು ನಿಮ್ಮ ಕೈಯಲ್ಲಿವೆ. ಅದರಲ್ಲೂ ಶಾಲೆಯದ್ದಕ್ಕೆ ಬಜೆಟ್ಟೂ ಬೇಕಾಗಿಲ್ಲ. ಮಷಿನ್ ಇಡುವ ಮೂಲೆಗೆ ಒಂದು ಪರದೆ ಸಾಕು. ಏಳು ಅಡಿ ಉದ್ದ, ಎರಡು ಪನ್ನ ಕೂಡಿಸಿದರೆ ಅಗಲ ಆಯಿತು, ಮೇಲೆ ಹಗ್ಗ ತೂರಿಸೋಕೆ ಮಡಿಚಿ ಹೊಲಿದರೆ ಮುಗಿಯಿತು, ಅರ್ಧ ಗಂಟೆ ಕೆಲಸ. ನಮ್ಮ ಮೊಹಲ್ಲಾದ ಸರ್ಕಾರಿ ಶಾಲೆಗಳಿಗೆ ಬಟ್ಟೆ ನೀವು ಕಳಿಸಿ. ದಪ್ಪ ಬಟ್ಟೆ ಇರಲಿ, ಬೆಳಕಿಗೆ ನೆರಳು ಕಾಣಬಾರದು. ಹೊಲಿಗೆ ಕೂಲಿ ಬೇಡ, ನಾನು ಹೊಲಿದುಕೊಡುತ್ತೇನೆ.

ಇಂತಿ,
ಮಂಡಿ ಮೊಹಲ್ಲಾದ ಟೈಲರ್ ಅಕ್ಕ